ನಿಪ್ಪಾಣಿಯ ವಖಾರದೊಳಗೆ ಹೋದ ಕ್ಯಾಮೆರಾ

ಹೋದ ವರ್ಷ ಹತ್ತಿ ಬಿಡಿಸುವ ಸುಗ್ಗಿಯಲ್ಲಿ ನಮ್ಮ ಮೊರಬದ ಎರೆಹೊಲವೊಂದರ ಬದುವಿನ ಮೇಲೆ ಮೊಬೈಲ್ ಹಿಡಿದು ನಿಂತಿದ್ದೆ. ಕೂಲಿಗೆ ಬಂದ ಹೆಣ್ಣುಮಕ್ಕಳ ಬಗ್ಗೆ ಐದು ನಿಮಿಷದ ಒಂದು ವಿಡಿಯೋ ಮಾಡಬೇಕಿತ್ತು. ಎಲ್ಲರಿಗಿಂತ ಹಿರಿಯಳಾದ ಆಯಿಯ ಎದುರು ಹೋಗಿ, ಕಾಲೇಜಿನಲ್ಲಿ ಕಲಿಸಿದ ಹಾಗೆಯೇ ಕೇಳಿದೆ: "ಆಯಿ, ನಿಮ್ಮ ಕಷ್ಟ ಏನು, ಸ್ವಲ್ಪ ಹೇಳ್ರಿ."

ಆಕೆ ಕೈ ನಿಲ್ಲಿಸಿದಳು. ತಲೆ ಮೇಲಿನ ಸೆರಗು ಸರಿ ಮಾಡಿಕೊಂಡಳು. ಕೂಲಿ ಸಾಲುವುದಿಲ್ಲ, ಮಳೆ ಇಲ್ಲ, ಸರ್ಕಾರ ನೋಡಬೇಕು ಎಂದು ಟಿವಿಯಲ್ಲಿ ಹೇಳುವವರ ಹಾಗೇ ಹೇಳಿದಳು. ನಾನು ಮೊಬೈಲ್ ಕೆಳಗಿಳಿಸಿದ ಕೂಡಲೇ ನಕ್ಕು, "ಸಾಕಾತ ಇಲ್ಲೋ ತಮ್ಮಾ? ನಾ ಮುಂಜಾನಿ ಎಂಟಕ್ಕ ಬಂದೀನಿ, ನೀ ಹತ್ತೂವರೀಗೆ ಬಂದಿ. ಹತ್ತು ನಿಮಿಷದಾಗ ನನ್ನ ಬಾಳೇವು ಕೇಳಾಕತ್ತೀ" ಅಂದಳು.

ಆ ಮಾತು ನನ್ನನ್ನು ಬಿಡಲಿಲ್ಲ. ಸಾಕ್ಷ್ಯಚಿತ್ರ ಮಾಡುವವರು ನೂರು ವರ್ಷದಿಂದ ಇದೇ ಮಾತಿಗೆ ಉತ್ತರ ಹುಡುಕುತ್ತಿದ್ದಾರೆ. ಎಷ್ಟು ಹೊತ್ತು ಇರಬೇಕು? ಕೇಳಬೇಕೋ, ಸುಮ್ಮನೆ ನೋಡಬೇಕೋ? ಕ್ಯಾಮೆರಾ ಎದುರು ಬಂದ ಕೂಡಲೇ ಮನುಷ್ಯ ಬೇರೆಯವನಾಗುತ್ತಾನಲ್ಲ, ಅದಕ್ಕೆ ಏನು ಮಾಡಬೇಕು? ಈ ಪ್ರಶ್ನೆಗಳಿಗೆ ನಮಗೆ ಹತ್ತಿರದಲ್ಲೇ ಸಿಕ್ಕ ಒಂದು ಉತ್ತರದ ಕಥೆ ಹೇಳುತ್ತೇನೆ. ಅದು ನಡೆದದ್ದು ನಿಪ್ಪಾಣಿಯಲ್ಲಿ, ಧಾರವಾಡದಿಂದ ಬೆಳಗಾವಿ ದಾಟಿ ಅದೇ ಹೈವೇ ಹಿಡಿದು ಹೋದರೆ ಸಿಗುವ ತಂಬಾಕಿನ ಊರಲ್ಲಿ, 1980ರ ದಶಕದ ಶುರುವಿನಲ್ಲಿ.

ಅದಕ್ಕೂ ಮೊದಲು ಸ್ವಲ್ಪ ಹಿಂದೆ ಹೋಗೋಣ.

ಟೆಂಟ್ ಟಾಕೀಸಿನಲ್ಲಿ ಸಿನಿಮಾ ನೋಡಿದ ಹಿರಿಯರನ್ನು ಕೇಳಿ. ರಾಜಕುಮಾರ್ ಬರುವ ಮೊದಲು ಪರದೆ ಮೇಲೆ ಹತ್ತು ಹದಿನೈದು ನಿಮಿಷ ಸರ್ಕಾರದ ಚಿತ್ರ ಬರುತ್ತಿತ್ತು. ಅಣೆಕಟ್ಟು, ಮಂತ್ರಿಗಳ ಹಾರ, ಹೊಸ ಬೀಜ, ಚಿಕ್ಕ ಸಂಸಾರ. 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್ ಸಂಸ್ಥೆ ಅವನ್ನು ಮುಂಬೈಯಲ್ಲಿ ತಯಾರಿಸಿ, ಬೇರೆ ಬೇರೆ ಭಾಷೆಗಳ ದನಿ ಕೂಡಿಸಿ ದೇಶದ ತುಂಬ ಕಳಿಸುತ್ತಿತ್ತು. ಟಾಕೀಸಿನವರು ಅದನ್ನು ತೋರಿಸಲೇಬೇಕು, ಇಲ್ಲದಿದ್ದರೆ ಲೈಸೆನ್ಸಿಗೆ ತೊಂದರೆ. ತೋರಿಸಿದ್ದಕ್ಕೆ ಬಾಡಿಗೆಯನ್ನೂ ಅವರೇ ಕಟ್ಟಬೇಕು. ಜನ ಆ ಹೊತ್ತಿಗೆ ಎದ್ದು ಹೊರಗೆ ಹೋಗಿ ಬೀಡಿ ಸೇದುತ್ತಿದ್ದರು.

ಆ ಚಿತ್ರಗಳಲ್ಲಿ ರೈತ ಇರುತ್ತಿದ್ದ, ಆದರೆ ಅವನ ಬಾಯಿ ಇರುತ್ತಿರಲಿಲ್ಲ. ಅವನು ನೇಗಿಲು ಹೊಡೆಯುತ್ತಿದ್ದ. ಅವನು ಸಂತೋಷವಾಗಿದ್ದಾನೆ ಎಂದು ಮೇಲಿನಿಂದ ಒಂದು ದಪ್ಪ ದನಿ ಹೇಳುತ್ತಿತ್ತು. ಅದರಲ್ಲಿ ಬರೀ ಸರ್ಕಾರದ ದುರುದ್ದೇಶ ಹುಡುಕುವುದು ಸರಿಯಲ್ಲ. ಹೊಲದಲ್ಲಿ ಮಾತಾಡುವವನ ದನಿಯನ್ನು ಚಿತ್ರದ ಜೊತೆಗೇ ಹಿಡಿಯುವುದು ಆಗ ಸುಲಭದ ಕೆಲಸವಾಗಿರಲಿಲ್ಲ. ಕ್ಯಾಮೆರಾ ಭಾರ, ಅದರ ಗರಗರ ಸದ್ದು ಬೇರೆ.

ಇನ್ನೂ ಹಿಂದಿನ ಮಾತು. 1922ರಲ್ಲಿ ಅಮೆರಿಕದ ರಾಬರ್ಟ್ ಫ್ಲಾಹರ್ಟಿ ಹಿಮದ ನಾಡಿನ ಬೇಟೆಗಾರನೊಬ್ಬನ ಬಗ್ಗೆ 'ನಾನೂಕ್ ಆಫ್ ದಿ ನಾರ್ತ್' ಎಂಬ ಚಿತ್ರ ಮಾಡಿದ. ಸಾಕ್ಷ್ಯಚಿತ್ರದ ಇತಿಹಾಸ ಹೇಳುವವರು ಹೆಚ್ಚಾಗಿ ಅಲ್ಲಿಂದಲೇ ಶುರು ಮಾಡುತ್ತಾರೆ. ಹಿಮದ ಮನೆಯೊಳಗೆ ಬೆಳಕು ಸಾಲದೆ ಅರ್ಧ ಮನೆ ಕಟ್ಟಿಸಿ ಚಿತ್ರ ತೆಗೆದ. ಆ ಜನ ಆಗಲೇ ಬಂದೂಕು ಬಳಸುತ್ತಿದ್ದರೂ ಹಳೆಯ ಈಟಿ ಹಿಡಿಸಿ ಬೇಟೆ ಮಾಡಿಸಿದ. ಹೊಲಕ್ಕೆ ಬಂದು "ಅಜ್ಜಾರ, ಇನ್ನೊಮ್ಮೆ ಕುಂಟಿ ಹೊಡೀರಿ, ಸರಿ ಬರಲಿಲ್ಲ" ಎನ್ನುವ ನಮ್ಮವರಿಗೂ ಅವನಿಗೂ ಬಹಳ ದೂರವಿಲ್ಲ.

1960ರ ಸುಮಾರಿಗೆ ಸಾಮಾನು ಬದಲಾಯಿತು. ಹೆಗಲ ಮೇಲೆ ಹೊರುವ 16 ಎಂಎಂ ಕ್ಯಾಮೆರಾ ಬಂತು, ಅದರ ಓಟಕ್ಕೆ ಸರಿಯಾಗಿ ದನಿ ಹಿಡಿಯುವ ಟೇಪ್ ರೆಕಾರ್ಡರ್ ಬಂತು. ಅಮೆರಿಕದಲ್ಲಿ ರಾಬರ್ಟ್ ಡ್ರೂ ಮತ್ತು ಸಂಗಡಿಗರು ಕೆನಡಿಯ ಚುನಾವಣಾ ಪ್ರಚಾರದ ಹಿಂದೆ ಬಿದ್ದು 'ಪ್ರೈಮರಿ' ಎಂಬ ಚಿತ್ರ ಮಾಡಿದರು. ಆಮೇಲೆ ಫ್ರೆಡರಿಕ್ ವೈಸ್‌ಮನ್ ಎಂಬಾತ ಬಂದ. ಅವನು ಯಾರನ್ನೂ ಸಂದರ್ಶನ ಮಾಡುತ್ತಿರಲಿಲ್ಲ, ವಿವರಣೆಯ ದನಿಯನ್ನೂ ಹಾಕುತ್ತಿರಲಿಲ್ಲ. ಒಂದು ಆಸ್ಪತ್ರೆ, ಒಂದು ಶಾಲೆ, ಒಂದು ಕಚೇರಿಯೊಳಗೆ ವಾರಗಟ್ಟಲೆ ಇದ್ದು, ನಡೆಯುವುದನ್ನು ನಡೆಯುವ ಹಾಗೇ ಹಿಡಿದು ಜೋಡಿಸುತ್ತಿದ್ದ. ಗೋಡೆ ಮೇಲಿನ ನೊಣದ ಹಾಗೆ ಇರಬೇಕು ಎಂದು ಇಂಥ ಚಿತ್ರಗಳ ಬಗ್ಗೆ ಹೇಳುತ್ತಾರೆ. ನನಗೆ ಆ ಹೋಲಿಕೆ ಹಿಡಿಸುವುದಿಲ್ಲ. ನಮ್ಮ ಊರಲ್ಲಿ ಹೊಸ ಮನುಷ್ಯ ಬಂದರೆ ನಾಯಿಗೂ ಗೊತ್ತಾಗುತ್ತದೆ, ಜನಕ್ಕೆ ಗೊತ್ತಾಗುವುದಿಲ್ಲವೇ?

ಈಗ ನಿಪ್ಪಾಣಿ.

1980ರಲ್ಲಿ ಬೆಂಗಳೂರಿನಲ್ಲಿ ನಾಲ್ಕು ಜನ ಸೇರಿ 'ಯುಗಾಂತರ್' ಎಂಬ ಗುಂಪು ಕಟ್ಟಿದರು: ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್, ಮತ್ತು ಕ್ಯಾಮೆರಾಮನ್ ನವ್ರೋಜ್ ಕಾಂಟ್ರಾಕ್ಟರ್. ನವ್ರೋಜ್ ಅಷ್ಟರಲ್ಲೇ ಮಣಿ ಕೌಲ್ ಅವರ 'ದುವಿಧಾ' ಚಿತ್ರಕ್ಕೆ ಕೆಲಸ ಮಾಡಿದ್ದರು. ದೀಪಾ ಇನ್ನೂ ಹೊಸಬರು. ಇವತ್ತು ಅವರು ಈ ದೇಶದ ದೊಡ್ಡ ಸಾಕ್ಷ್ಯಚಿತ್ರ ನಿರ್ದೇಶಕಿ, ಆದರೆ ಆಗ ಅವರ ಹೆಸರಿನ ಮುಂದೆ ಏನೂ ಇರಲಿಲ್ಲ. ಹೆಣ್ಣುಮಕ್ಕಳ ಬದುಕಿನ ಬಗ್ಗೆ, ಅವರ ಜೊತೆಗೇ ಕೂತು ಚಿತ್ರ ಮಾಡಬೇಕು ಎಂಬುದು ಗುಂಪಿನ ಹಟ. ಮೊದಲ ಚಿತ್ರ ಪುಣೆಯಲ್ಲಿ ಮನೆಗೆಲಸ ಮಾಡುವವರು ಸಂಘ ಕಟ್ಟಿದ ಕಥೆ, 'ಮೋಲ್ಕರೀಣ', 1981. ಎರಡನೆಯದು ನಿಪ್ಪಾಣಿಯದು, 1982.

ನಿಪ್ಪಾಣಿ ಸುತ್ತಲಿನ ಕಪ್ಪು ಮಣ್ಣಲ್ಲಿ ಬೆಳೆಯುವುದು ಬೀಡಿ ತಂಬಾಕು. ಟೆಂಟ್ ಟಾಕೀಸಿನ ಹೊರಗೆ ನಮ್ಮ ಅಜ್ಜಂದಿರು ಸೇದುತ್ತಿದ್ದ ಬೀಡಿಯಲ್ಲಿ ಆ ತಂಬಾಕು ಇದ್ದಿರಲೂಬಹುದು. 1981ರಲ್ಲಿ ಆ ಊರು ದೇಶದ ಪತ್ರಿಕೆಗಳಲ್ಲಿ ಬಂತು. ತಂಬಾಕಿಗೆ ಬೆಲೆ ಬೇಕು ಎಂದು ಶರದ್ ಜೋಶಿಯವರ ಮುಂದಾಳತ್ವದಲ್ಲಿ ರೈತರು ಹೈವೇ ತಡೆದು ಕೂತರು, ಏಪ್ರಿಲ್‌ನಲ್ಲಿ ಗೋಲಿಬಾರ್ ಆಗಿ ರೈತರು ಸತ್ತರು. ಅದು ರಸ್ತೆಯ ಮೇಲೆ ಎಲ್ಲರಿಗೂ ಕಂಡ ಸುದ್ದಿ.

ರಸ್ತೆಗೆ ಕಾಣದ ಇನ್ನೊಂದು ಸುದ್ದಿ ವಖಾರಗಳ ಒಳಗಿತ್ತು. ರೈತನಿಂದ ಬಂದ ತಂಬಾಕು ಬೀಡಿಗೆ ಹೋಗುವ ಮೊದಲು ಅದನ್ನು ಬಡಿಯಬೇಕು, ಜರಡಿ ಹಿಡಿಯಬೇಕು, ಚೀಲ ತುಂಬಬೇಕು. ಆ ಕೆಲಸ ಸಾವಿರಾರು ಹೆಣ್ಣುಮಕ್ಕಳದು. ಮೆಣಸಿನಕಾಯಿ ಕುಟ್ಟುವಾಗಿನ ಘಾಟು ನಿಮಗೆ ಗೊತ್ತು. ಅದು ಒಂದು ತಾಸಿನದು. ಇವರಿಗೆ ತಂಬಾಕಿನ ಧೂಳು ದಿನವಿಡೀ, ವರ್ಷವಿಡೀ. ಕೂಲಿ ಕಡಿಮೆ, ದುಡಿಮೆಯ ತಾಸಿಗೆ ಲೆಕ್ಕವಿಲ್ಲ. ಈ ಹೆಣ್ಣುಮಕ್ಕಳು ಸಂಘ ಕಟ್ಟಿದರು, ಕೆಲಸ ನಿಲ್ಲಿಸಿದರು, ಬೀದಿಗೆ ಬಂದರು.

ಯುಗಾಂತರ್ ಗುಂಪು ಹೋದದ್ದು ಇವರ ಹತ್ತಿರ. ಚಿತ್ರದ ಹೆಸರು ಮರಾಠಿಯಲ್ಲಿ 'ತಂಬಾಕೂ ಚಾಕೀಲಾ ಊಬ್ ಆಲಿ'. ಇಂಗ್ಲಿಷಿನಲ್ಲಿ ಅದಕ್ಕೆ ತಂಬಾಕಿನ ಕೆಂಡ ಎಂಬರ್ಥದ ಹೆಸರು ಕೊಟ್ಟಿದ್ದಾರೆ. ಉದ್ದ ಇಪ್ಪತ್ತೈದು ನಿಮಿಷದಷ್ಟು. ಮಾತು ಮರಾಠಿ. ಅದಕ್ಕೇ ಇರಬೇಕು, ಕರ್ನಾಟಕದ ನೆಲದಲ್ಲಿ, ಕರ್ನಾಟಕದಿಂದ ಹೋದವರು ಮಾಡಿದ ಚಿತ್ರವಾದರೂ ನಮ್ಮ ಪತ್ರಿಕೋದ್ಯಮದ ತರಗತಿಯಲ್ಲಿ ಇದರ ಹೆಸರೇ ಬರಲಿಲ್ಲ.

ಅವರು ಕೆಲಸ ಮಾಡಿದ ರೀತಿಯೇ ಇಲ್ಲಿ ಮುಖ್ಯ. ಹೋದವರೇ ಕ್ಯಾಮೆರಾ ಬಿಚ್ಚಲಿಲ್ಲ. ಹೆಣ್ಣುಮಕ್ಕಳ ಜೊತೆ ಕೂತರು, ಕೆಲಸದ ಬಗ್ಗೆ, ಮಾಲೀಕರ ಬಗ್ಗೆ, ಸಂಘದ ಬಗ್ಗೆ ಕೇಳಿದರು. ಏನನ್ನು ಹಿಡಿಯಬೇಕು, ಯಾವುದನ್ನು ತೋರಿಸಬೇಕು ಎಂಬುದು ಆ ಮಾತುಕತೆಯಲ್ಲೇ ನಿರ್ಧಾರವಾಯಿತು. ಹೊರಗಿನವರ ಕಣ್ಣಿಗೆ ಬೀಳದ ವಖಾರದ ಒಳಗೂ ಕ್ಯಾಮೆರಾ ಹೋಯಿತು. ಚಿತ್ರದಲ್ಲಿ ಹಿನ್ನೆಲೆ ಮಾತು ಇದೆ, ಆದರೆ ಅದು ಮೇಲಿನಿಂದ ಬರುವ ದಪ್ಪ ದನಿಯಲ್ಲ. ಕಾರ್ಮಿಕರ ಜೊತೆ ಆಡಿದ ಮಾತುಗಳಿಂದಲೇ ಕಟ್ಟಿದ್ದು. ಟಾಕೀಸಿನಲ್ಲಿ ಮೂವತ್ತು ವರ್ಷ ಬಾಯಿಲ್ಲದೆ ದುಡಿದ ಮನುಷ್ಯರಿಗೆ ಇಲ್ಲಿ ಬಾಯಿ ಬಂತು.

ಆಗಿನ ಖರ್ಚಿನ ಲೆಕ್ಕವನ್ನೂ ನೋಡಿ. 16 ಎಂಎಂನ ನೂರು ಅಡಿ ರೀಲು ಎರಡೂ ಮುಕ್ಕಾಲು ನಿಮಿಷ ಓಡುತ್ತದೆ. ನಾಲ್ಕುನೂರು ಅಡಿಯ ದೊಡ್ಡ ರೀಲು ಹನ್ನೊಂದು ನಿಮಿಷ. ಅಷ್ಟಾದ ಮೇಲೆ ರೀಲು ಬದಲಿಸಬೇಕು, ತೆಗೆದದ್ದನ್ನು ಲ್ಯಾಬಿಗೆ ಕಳಿಸಿ ತೊಳೆಸಬೇಕು. ಏನು ಬಂದಿದೆ ಎಂದು ಅಲ್ಲೇ ನೋಡುವ ಹಾಗಿಲ್ಲ. ಒಂದೊಂದು ನಿಮಿಷಕ್ಕೂ ರೊಕ್ಕ. ಸುಮ್ಮನೆ ಓಡಿಸುತ್ತ ಕೂಡಲು ಆಗುವುದೇ ಇಲ್ಲ. ಹಾಗಾಗಿ ನೋಡುವ ಕೆಲಸವೆಲ್ಲ ಕ್ಯಾಮೆರಾ ಓಡುವ ಮೊದಲೇ, ಬರಿಗಣ್ಣಿನಿಂದ ಆಗಬೇಕಿತ್ತು. ಯಾವ ಕೈ ಯಾವಾಗ ಜರಡಿ ಎತ್ತುತ್ತದೆ, ಯಾರು ಮೊದಲು ಘೋಷಣೆ ಕೂಗುತ್ತಾರೆ ಎಂಬುದು ಗೊತ್ತಿದ್ದವರಿಗೆ ಮಾತ್ರ ಎರಡೂ ಮುಕ್ಕಾಲು ನಿಮಿಷ ಸಾಕಾಗುತ್ತದೆ. ನನ್ನ ಮೊಬೈಲಿನಲ್ಲಿ ತಾಸುಗಟ್ಟಲೆ ಜಾಗ ಇದೆ. ಹತ್ತಿ ಹೊಲದಲ್ಲಿ ನನಗೆ ಅದು ಯಾವ ಉಪಯೋಗಕ್ಕೂ ಬರಲಿಲ್ಲ.

ಚಿತ್ರ ಮುಗಿದ ಮೇಲೆ ಯುಗಾಂತರ್ ಅದನ್ನು ಟಾಕೀಸಿಗೆ ಕೊಡಲಿಲ್ಲ, ಯಾರೂ ತೆಗೆದುಕೊಳ್ಳುತ್ತಲೂ ಇರಲಿಲ್ಲ. ಪ್ರೊಜೆಕ್ಟರ್ ಹೊತ್ತು ಕಾರ್ಮಿಕರ ಸಭೆಗಳಿಗೆ, ಹೆಣ್ಣುಮಕ್ಕಳ ಸಂಘಗಳಿಗೆ ಹೋಗಿ ತೋರಿಸಿದರು, ಆಮೇಲೆ ಕೂತು ಮಾತಾಡಿದರು. ಮುಂದಿನ ವರ್ಷ, 1983ರಲ್ಲಿ, ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆ ಮನೆಯೊಳಗಿನ ಹೊಡೆತ ಬಡಿತದ ಬಗ್ಗೆ 'ಇದಿ ಕಥಾ ಮಾತ್ರಮೇನಾ' ಎಂಬ ತೆಲುಗು ಚಿತ್ರ ಮಾಡಿದರು. ಅದು ನೋಡುತ್ತ ಕೂಡುವ ಚಿತ್ರವೇ ಅಲ್ಲ, ನಟಿಸಿ ಕಟ್ಟಿದ್ದು. ಗಂಡ ಹೊಡೆಯುವಾಗ ಕ್ಯಾಮೆರಾ ಹಿಡಿದು ಮೂಲೆಯಲ್ಲಿ ಕೂಡಲು ಬರುತ್ತದೆಯೇ? ಶೈಲಿ ಎನ್ನುವುದು ಒಂದು ವ್ರತ ಅಲ್ಲ ಎಂಬುದು ಅವರಿಗೆ ಗೊತ್ತಿತ್ತು. ಉತ್ತರಾಖಂಡದ ಚಿಪ್ಕೋ ಚಳವಳಿಯ ಹೆಣ್ಣುಮಗಳ ಬಗ್ಗೆ 'ಸುದೇಶಾ' ಮಾಡಿದ ಮೇಲೆ ಗುಂಪು ಚದುರಿತು.

ದೀಪಾ ಧನರಾಜ್ ನಿಲ್ಲಲಿಲ್ಲ. 1991ರ 'ಸಮ್‌ಥಿಂಗ್ ಲೈಕ್ ಎ ವಾರ್' ಚಿತ್ರದ ಬಗ್ಗೆ ಹೇಳದಿದ್ದರೆ ಈ ಬರಹ ಅರ್ಧ. ಅದು ಕುಟುಂಬ ಯೋಜನೆಯ ಆಪರೇಷನ್ ಕ್ಯಾಂಪಿನ ಚಿತ್ರ. ನಮ್ಮ ಕಡೆ ಶಾಲೆಯ ಕೋಣೆಯಲ್ಲಿ ಹೆಣ್ಣುಮಕ್ಕಳನ್ನು ಸಾಲಾಗಿ ಮಲಗಿಸಿದ್ದನ್ನು ಕಂಡ ತಾಯಂದಿರು ಇನ್ನೂ ಇದ್ದಾರೆ. ಚಿತ್ರದಲ್ಲಿ ಒಬ್ಬ ಡಾಕ್ಟರು ತಾನು ಎಷ್ಟು ಬೇಗ ಒಂದೊಂದು ಆಪರೇಷನ್ ಮುಗಿಸುತ್ತೇನೆ ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ. ಆ ಹೆಮ್ಮೆಯೇ ಸಾಕು, ಅದರ ಮೇಲೆ ಯಾರೂ ಏನೂ ಟೀಕೆ ಮಾಡಬೇಕಾಗಿಲ್ಲ. ಅದೇ ಚಿತ್ರದಲ್ಲಿ ಇನ್ನೊಂದು ಕಡೆ ಹೆಣ್ಣುಮಕ್ಕಳು ವರ್ತುಲವಾಗಿ ಕೂತು ತಮ್ಮ ಮೈ ಬಗ್ಗೆ, ಮುಟ್ಟಿನ ಬಗ್ಗೆ, ಬಸಿರಿನ ಬಗ್ಗೆ ನಾಚಿಕೆ ಬಿಟ್ಟು ಮಾತಾಡುತ್ತಾರೆ, ನಗುತ್ತಾರೆ. ಮೊದಲ ದಿನ ಬಂದ ಕ್ಯಾಮೆರಾದ ಎದುರು ಅಂಥ ನಗು ಬರುವುದಿಲ್ಲ. ಹತ್ತಿ ಹೊಲದ ಆಯಿ ನನಗೆ ಟಿವಿ ಮಾತು ಯಾಕೆ ಹೇಳಿದಳು ಎಂಬುದು ನನಗೆ ಹೊಳೆದದ್ದು ಈ ಎರಡು ದೃಶ್ಯ ನೋಡಿದಾಗ.

2011ರ 'ಇನ್ವೋಕಿಂಗ್ ಜಸ್ಟೀಸ್' ತಮಿಳುನಾಡಿನ ಪುದುಕ್ಕೋಟ್ಟೈ ಕಡೆಯ ಮುಸ್ಲಿಂ ಹೆಣ್ಣುಮಕ್ಕಳು ತಾವೇ ಕಟ್ಟಿಕೊಂಡ ಜಮಾತಿನದು. ಗಂಡಸರ ಜಮಾತಿನಲ್ಲಿ ತಮಗೆ ಮಾತಾಡಲು ಜಾಗವಿಲ್ಲ ಎಂದು ಕಟ್ಟಿದ್ದು. ತಲಾಖ್, ವರದಕ್ಷಿಣೆ, ಸಾವಿನ ದೂರುಗಳನ್ನು ಹೊತ್ತು ಜನ ಬರುತ್ತಾರೆ, ವಾದ ಏರುತ್ತದೆ. ಕ್ಯಾಮೆರಾ ಆ ನಡುವೆಯೇ ಕೂತಿರುತ್ತದೆ. ನಮ್ಮೂರ ಗುಡಿಕಟ್ಟೆಯ ಪಂಚಾಯ್ತಿ ಕಂಡವರಿಗೆ ಆ ಕಾವು ಗುರುತು ಹತ್ತುತ್ತದೆ, ಕೂತವರು ಹೆಣ್ಣುಮಕ್ಕಳು ಎಂಬುದೊಂದೇ ಬೇರೆ.

ನಿಪ್ಪಾಣಿಯ ಕಥೆ ಕೇಳಿದಾಗಲೆಲ್ಲ ನನಗೆ ನಮ್ಮ ನವಲಗುಂದ ನೆನಪಾಗುತ್ತದೆ. ಯುಗಾಂತರ್ ಹುಟ್ಟಿದ ವರ್ಷವೇ, 1980ರ ಜುಲೈ 21ರಂದು, ಮಲಪ್ರಭಾ ನೀರಿನ ಕರ ಮತ್ತು ಅಭಿವೃದ್ಧಿ ತೆರಿಗೆಯ ವಿರುದ್ಧ ನಮ್ಮ ತಾಲೂಕಿನ ಮತ್ತು ನರಗುಂದದ ರೈತರು ಎದ್ದರು. ಕಾಲುವೆ ಬಂದಿತ್ತು, ನೀರು ಎಲ್ಲರ ಹೊಲಕ್ಕೂ ಬಂದಿರಲಿಲ್ಲ, ಕರದ ನೋಟೀಸು ಮಾತ್ರ ಬಂದಿತ್ತು. ಗೋಲಿಬಾರಿನಲ್ಲಿ ನವಲಗುಂದದಲ್ಲಿ ಅಳಗವಾಡಿಯ ಬಸಪ್ಪ ಲಕ್ಕುಂಡಿ, ನರಗುಂದದಲ್ಲಿ ಚಿಕ್ಕನರಗುಂದದ ಈರಪ್ಪ ಕಡ್ಲಿಕೊಪ್ಪ ತೀರಿಕೊಂಡರು. ಅಲ್ಲಿಂದ ಹಬ್ಬಿದ ಸಿಟ್ಟು ರಾಜ್ಯದ ರೈತ ಸಂಘವನ್ನು ಬೆಳೆಸಿತು. 1983ರಲ್ಲಿ ಗುಂಡೂರಾವ್ ಸರ್ಕಾರ ಬೀಳಲು ಅದೂ ಒಂದು ಕಾರಣ. ಪ್ರತಿ ವರ್ಷ ಆ ದಿನ ಹುತಾತ್ಮರ ಕಲ್ಲಿಗೆ ಹಾರ ಬೀಳುತ್ತದೆ, ಮುಖಂಡರು ಮಾತಾಡುತ್ತಾರೆ, ಚಾನೆಲ್‌ನವರು ಮೈಕ್ ಹಿಡಿದು ಬಂದು ಹೋಗುತ್ತಾರೆ.

ಆ ಕಲ್ಲಿನ ಕಥೆಯಲ್ಲಿ ಗಂಡಸರ ಹೆಸರುಗಳೇ ಇವೆ. ನಿಪ್ಪಾಣಿಯಲ್ಲೂ ರಸ್ತೆಯ ಮೇಲೆ ಗಂಡಸರ ಸುದ್ದಿಯೇ ಇತ್ತು, ಆದರೆ ಯಾರೋ ನಾಲ್ಕು ಜನ ವಖಾರದ ಬಾಗಿಲು ಬಡಿದರು. 1980ರ ಆ ಸಂಜೆ ಮನೆಯಲ್ಲಿ ಗಂಡನಿಗಾಗಿ ಕಾದು ಕೂತ ಹೆಣ್ಣುಮಕ್ಕಳು, ಪೊಲೀಸರು ಓಣಿಗೆ ಬಂದಾಗ ಮಕ್ಕಳನ್ನು ಒಳಗೆ ಹಾಕಿ ಅಗಳಿ ಹಾಕಿಕೊಂಡವರು ಈಗ ಎಂಬತ್ತರ ಹತ್ತಿರ ಬಂದಿದ್ದಾರೆ. ಅವರ ಮುಂದೆ ಮೈಕ್ ಹಿಡಿದು "ಆವತ್ತು ಏನಾತು, ಎರಡು ಮಾತಿನಾಗ ಹೇಳ್ರಿ" ಎಂದರೆ ಎರಡು ಮಾತೇ ಸಿಗುತ್ತವೆ. ಆ ಎರಡು ಮಾತು ಈಗಾಗಲೇ ಭಾಷಣಗಳಲ್ಲಿ ಇವೆ. ಉಳಿದದ್ದಕ್ಕೆ ಕಡಲೆ ಸೋಸುವಾಗ, ರೊಟ್ಟಿ ಬಡಿಯುವಾಗ ಪಕ್ಕದಲ್ಲಿ ಕೂಡಬೇಕು. ನಾವು ಕೂಡುವಷ್ಟರಲ್ಲಿ ಎಷ್ಟು ಜನ ಉಳಿದಿರುತ್ತಾರೆ ಎಂಬ ಲೆಕ್ಕ ನನ್ನನ್ನು ಕಾಡುತ್ತದೆ.

ಯುಗಾಂತರ್ ಚಿತ್ರಗಳಿಗೂ ಇಂಥದೇ ಗತಿ ಬರುವುದರಲ್ಲಿತ್ತು. ಫಿಲ್ಮ್ ಹಾಳಾಗುವ ವಸ್ತು. ಈಚಿನ ವರ್ಷಗಳಲ್ಲಿ ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ನೆರವಿನಿಂದ ನಾಲ್ಕೂ ಚಿತ್ರಗಳನ್ನು ಸರಿಪಡಿಸಿ ಡಿಜಿಟಲ್ ಮಾಡಿದ್ದಾರೆ. ಯುಗಾಂತರ್ ಹೆಸರು ಹಾಕಿ ಹುಡುಕಿದರೆ ನಿಮ್ಮ ಮೊಬೈಲಿನಲ್ಲೇ ನೋಡಲು ಸಿಗುತ್ತವೆ. ನಿಪ್ಪಾಣಿಯ ಹೆಣ್ಣುಮಕ್ಕಳ ಮಾತು ಉಳಿಯಲು ಜರ್ಮನಿಯವರು ಕೈ ಹಚ್ಚಬೇಕಾಯಿತು. ಅವರಿಗೆ ಋಣಿ, ನಮಗೆ ಮಾತ್ರ ನಾಚಿಕೆ. ಕ್ಯಾಮೆರಾ ಹಿಡಿದಿದ್ದ ನವ್ರೋಜ್ 2023ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು.

ಆಯಿಯ ಹೊಲಕ್ಕೆ ನಾನು ಮತ್ತೆ ಹೋದೆ. ಈ ಸಲ ಎಂಟಕ್ಕೇ. ಮೊದಲ ದಿನ ಮೊಬೈಲ್ ಕಿಸೆಯಲ್ಲೇ ಇತ್ತು, ಉಡಿ ಕಟ್ಟಿಕೊಂಡು ಹತ್ತಿ ಬಿಡಿಸಿದೆ. ಮಧ್ಯಾಹ್ನದ ಹೊತ್ತಿಗೆ ಬೆರಳ ತುದಿಯೆಲ್ಲ ಗೀರು. ನನ್ನ ಉಡಿಯಲ್ಲಿದ್ದದ್ದನ್ನು ನೋಡಿ ಎಲ್ಲರೂ ನಕ್ಕರು. ಎರಡನೆಯ ದಿನವೂ ಹಾಗೇ. ಮೂರನೆಯ ದಿನ ಬುತ್ತಿ ಬಿಚ್ಚುವ ಮುಂಚೆ, ಕೇಳಿಯೇ, ಬದುವಿನ ಮೇಲೆ ನೀರಿನ ಕೊಡಕ್ಕೆ ಆನಿಸಿ ಮೊಬೈಲ್ ಇಟ್ಟೆ. ಅರ್ಧ ತಾಸು ಯಾರೂ ಅದರ ಕಡೆ ನೋಡಲಿಲ್ಲ ಎಂದರೆ ಸುಳ್ಳಾಗುತ್ತದೆ, ಮೊದಲು ಐದು ನಿಮಿಷ ನೋಡಿದರು. ಆಮೇಲೆ ಒಬ್ಬಳ ಸೊಸೆಯ ಸುದ್ದಿ ಬಂತು, ಸಂಘದ ಸಾಲದ ಕಂತಿನ ಸುದ್ದಿ ಬಂತು. ಹಿಂದೊಮ್ಮೆ ತುಪ್ಪರಿಹಳ್ಳ ಏರಿ ಬಂದು ಬೆಳೆ ಹೋದ ವರ್ಷ ಆಯಿ ಹೇಗೆ ಬೇರೆಯವರ ಹೊಲಕ್ಕೆ ಕೂಲಿಗೆ ಇಳಿದಳು ಎಂಬ ಮಾತೂ ಬಂತು. ನಾನು ಕೇಳಿದ್ದಕ್ಕೆ ಹೇಳಿದ್ದಲ್ಲ ಅದು. ಪಕ್ಕದ ಸಾಲಿನವಳಿಗೆ, ಕೈ ನಿಲ್ಲಿಸದೇ ಹೇಳಿದ್ದು.

ಸಂಜೆ ಮೊಬೈಲ್ ಎತ್ತಿಕೊಂಡಾಗ ಆಯಿ ಕೇಳಿದಳು: "ಇದನ್ನ ಮೊದ್ಲ ಯಾರಿಗಿ ತೋರಸ್ತೀ?"

ನಿಮಗೇ ಎಂದೆ.

"ಹಂಗಾದ್ರ ಸೊಸೀ ಮಾತು ತಗದು ತೋರಸು" ಅಂದಳು. ತೆಗೆದಿದ್ದೇನೆ. ಬರುವ ಅಮಾವಾಸ್ಯೆ ದಿನ ಹೊಲದ ಕೆಲಸ ಇರುವುದಿಲ್ಲ. ಅವರ ಮನೆ ಪಡಸಾಲೆಯ ಗೋಡೆಗೆ ಬಿಳಿ ಧೋತರ ಕಟ್ಟಿ ತೋರಿಸಬೇಕು ಎಂದು ಮಾತಾಗಿದೆ.